ಹವಾಯಿ ಒಡೆಯರ ವಂಶಾವಳಿ: ಕಂಠದಿಂದ ಕಾಗದಕ್ಕೆ

ಹವಾಯಿ ದ್ವೀಪಗಳಲ್ಲಿ ‘ಅಲಿಇ’ ಎನಿಸಿಕೊಂಡ ಒಡೆಯರಿಗೆ ವಂಶಾವಳಿಯೇ ಹಕ್ಕುಪತ್ರ. ಯಾರ ಮುಂದೆ ಯಾರು ಅಡ್ಡಬೀಳಬೇಕು, ನೆಲ ಯಾರ ಕೈಗೆ ಸೇರಬೇಕು ಎಂಬುದನ್ನೆಲ್ಲ ಅದೇ ತೀರ್ಮಾನಿಸುತ್ತಿತ್ತು. ಬರಹವಿಲ್ಲದ ಕಾಲದಲ್ಲಿ ತಲೆಮಾರುಗಳ ಹೆಸರನ್ನು ಕಂಠಸ್ಥ ಮಾಡಿಕೊಂಡ ಪಂಡಿತರು ಅದನ್ನು ಕಾದರು.

ಈ ಪರಂಪರೆಯ ಶಿಖರ ‘ಕುಮುಲಿಪೊ’ ಎಂಬ ಸೃಷ್ಟಿಗೀತೆ. ಎರಡು ಸಾವಿರಕ್ಕೂ ಹೆಚ್ಚು ಸಾಲು, ಹದಿನಾರು ಯುಗ. ಕತ್ತಲಲ್ಲಿ ಹವಳದ ಹುಳು ಹುಟ್ಟುವಲ್ಲಿಂದ ಹೊರಟು ಮೀನು, ಹಕ್ಕಿ, ಹಂದಿಗಳನ್ನು ದಾಟಿ ಅರಸುಕುಲದವರೆಗೆ ಬರುತ್ತದೆ. ಒಡೆಯ ಹವಳಕ್ಕೂ ಬಂಧು ಎನ್ನುವ ಈ ಧೈರ್ಯ ನನ್ನನ್ನು ಇಂದಿಗೂ ಬೆರಗುಗೊಳಿಸುತ್ತದೆ. ಐತಿಹ್ಯಗಳೂ ವಂಶದ ಕೆಲಸವನ್ನೇ ಮಾಡುತ್ತವೆ. ಒಡೆಯ ಲೀಲೋವಾ, ಅಕಾಹಿ ಎಂಬ ಹೆಣ್ಣಿಗೆ ತನ್ನ ಸೊಂಟದ ವಸ್ತ್ರ, ಕೊರಳಹಾರಗಳನ್ನು ಗುರುತಾಗಿ ಕೊಟ್ಟು ಹೋದ. ಮಗ ಉಮಿ ಬೆಳೆದು ವೈಪಿಓ ಕಣಿವೆಗೆ ಬಂದು, ಅರಮನೆಯ ಕಾವಲು ಮೀರಿ ನೇರ ತಂದೆಯ ತೊಡೆಯೇರಿದ. ಮುಂದೆ ಮಲಸಹೋದರ ಹಾಕಾವುನನ್ನು ಕೊಂದು ರಾಜ್ಯವಾಳಿದ. ಅಕಾಹಿ ಸಾಮಾನ್ಯಳೆಂದು ಕಥೆ ಸಾರಿದರೂ, ಆಕೆಯ ಬೇರನ್ನೂ ಒಡೆಯರ ಹಳೆಯ ಕವಲಿಗೇ ಕೂಡಿಸುವ ಪ್ರಯತ್ನ ಹವಾಯಿಯ ಲೇಖಕ ಡೇವಿಡ್ ಮಾಲೊ ಅವರ ಬರಹದಲ್ಲಿ ಕಾಣುತ್ತದೆ. ಗೆದ್ದವನಿಗೂ ವಂಶದ ಒಪ್ಪಿಗೆ ಬೇಕಿತ್ತು.

ಈ ಕಂಠಪರಂಪರೆ ಬರಹಕ್ಕೆ ಇಳಿದದ್ದು 1831ರಲ್ಲಿ ಆರಂಭವಾದ ಲಹೈನಾಲುನಾ ಶಾಲೆಯಿಂದ. ಮಾಲೊ, ಸ್ಯಾಮ್ಯುಯೆಲ್ ಕಮಕಾವು ಇಬ್ಬರೂ ಅಲ್ಲಿ ಕಲಿತವರು. ಕಮಕಾವು 1860ರ ದಶಕದಿಂದ 1871ರವರೆಗೆ ಹವಾಯಿ ಭಾಷೆಯ ವಾರಪತ್ರಿಕೆಗಳಲ್ಲಿ ಅರಸರ ಇತಿಹಾಸವನ್ನು ಧಾರಾವಾಹಿಯಾಗಿ ಬರೆದರು. ಜಾನ್ ಪಾಪಾ ಈಈ ತಾವೇ ಒಡನಾಡಿದ ಆಸ್ಥಾನವನ್ನು ದಾಖಲಿಸಿದರು. ಸ್ವೀಡನ್ ಮೂಲದ ಏಬ್ರಹಾಂ ಫೋರ್ನಾಂಡರ್ 1878ರಿಂದ 1885ರವರೆಗೆ ಮೂರು ಸಂಪುಟ ಹೊರತಂದರು. ಅವರ ಸಂಗ್ರಹದ ಹಿಂದೆ ಕಮಕಾವು ಅವರಂಥ ಸ್ಥಳೀಯರ ದುಡಿಮೆಯಿತ್ತು. ಪಾಲಿನೇಷ್ಯನ್ನರನ್ನು ಆರ್ಯಮೂಲಕ್ಕೆ ಕಟ್ಟಿದ ಫೋರ್ನಾಂಡರ್ ವಾದ ಇಂದು ನಿಲ್ಲುವುದಿಲ್ಲ. ಸಂಗ್ರಹ ಮಾತ್ರ ನಿಲ್ಲುತ್ತದೆ.

ಅರಸ ಕಲಾಕಾವುವಾ 1880ರಲ್ಲಿ ವಂಶಾವಳಿ ಮಂಡಳಿ ರಚಿಸಿ, 1889ರಲ್ಲಿ ಕುಮುಲಿಪೊ ಅಚ್ಚು ಹಾಕಿಸಿದರು. ಅವರು ಚುನಾಯಿತ ಅರಸ, ಹುಟ್ಟಿನ ಬಗ್ಗೆ ಎದುರಾಳಿಗಳ ಕೊಂಕಿತ್ತು. ಹಾಗಾಗಿ ಇದರಲ್ಲಿ ರಾಜಕೀಯವೂ ಇತ್ತು. ಅವರ ತಂಗಿ, ಪದಚ್ಯುತ ರಾಣಿ ಲಿಲಿಉಓಕಲನಿ 1895ರ ಗೃಹಬಂಧನದಲ್ಲಿ ಅದನ್ನು ಇಂಗ್ಲಿಷಿಗೆ ತಂದರು. 1897ರಲ್ಲಿ ಅದು ಪ್ರಕಟವಾಯಿತು. ವಿದ್ವಾಂಸೆ ಮಾರ್ತಾ ಬೆಕ್‌ವಿತ್ ಅವರ ಅನುವಾದ, ವ್ಯಾಖ್ಯಾನ ಬಂದದ್ದು 1951ರಲ್ಲಿ.

ಕಾಲನಿರ್ಣಯದಲ್ಲಿ ಈಚೆಗೆ ದೊಡ್ಡ ತಿದ್ದುಪಡಿಯಾಗಿದೆ. ಫೋರ್ನಾಂಡರ್ ತಲೆಮಾರಿಗೆ 30 ವರ್ಷ ಎಣಿಸಿ, ದ್ವೀಪಗಳಲ್ಲಿ ಜನ ನೆಲೆಸಿದ ಕಾಲವನ್ನು ಬಹಳ ಹಿಂದಕ್ಕೆ ಒಯ್ದಿದ್ದರು. ಪುರಾತತ್ತ್ವಜ್ಞ ಪ್ಯಾಟ್ರಿಕ್ ಕರ್ಚ್ 20 ವರ್ಷವೆಂದು ಹಿಡಿದು, ಇಂಗಾಲದ ಕಾಲಮಾಪನದ ಜೊತೆಗಿಟ್ಟು ನೋಡಿ, ಈಚಿನ ಶತಮಾನಗಳ ವಂಶಾವಳಿಯನ್ನು ಇತಿಹಾಸದ ಆಕರವಾಗಿ ಬಳಸುತ್ತಾರೆ. ಹವಾಯಿ ಭಾಷೆಯ ವಿದ್ವಾಂಸ ಪುಆಕೇಆ ನೋಗೆಲ್‌ಮೈಯರ್ ಅವರ ಕೆಲಸ ಇದಕ್ಕಿಂತ ಮುಖ್ಯ ಎಂಬುದು ನನ್ನ ಎಣಿಕೆ. ಕಮಕಾವು ಬರೆದದ್ದನ್ನು ಇಂಗ್ಲಿಷ್ ಪುಸ್ತಕಗಳು ಕತ್ತರಿಸಿ, ಕ್ರಮ ಬದಲಿಸಿದ್ದನ್ನು ಅವರು ತೋರಿಸಿಕೊಟ್ಟರು. ಹಳೆಯ ಪತ್ರಿಕೆಗಳ ಲಕ್ಷಕ್ಕೂ ಮಿಕ್ಕಿದ ಪುಟಗಳಲ್ಲಿ ಹೆಚ್ಚಿನವು ಇನ್ನೂ ಅನುವಾದವಾಗಿಲ್ಲ. ಈ ಅರಸರ ಕುರಿತು ಬರೆಯುವವರು ಮಾಲೊ, ಕಮಕಾವು, ಈಈ ಅವರಿಂದ ಶುರುಮಾಡಲಿ; ಫೋರ್ನಾಂಡರ್ ಆಮೇಲೆ ಬರಲಿ.