ಆದೇಶಕ್ಕೆ ಆರ್ಗ್ಯುಮೆಂಟ್ ಒಪ್ಪಿಸುವ ಬಗೆ: ವಿಮ್, ಈಮ್ಯಾಕ್ಸ್, ನಿಯೋವಿಮ್

ಪಠ್ಯ ಸಂಪಾದಕ ವಿಮ್‌ನ ಸಂರಚನಾ ಕಡತದಲ್ಲಿ ಒಂದು ಕಡತದ ಹೆಸರನ್ನು ವೇರಿಯಬಲ್‌ನಲ್ಲಿಟ್ಟು, ಆ ವೇರಿಯಬಲ್ಲನ್ನು ಎಡಿಟ್ ಆದೇಶದ ಪಕ್ಕದಲ್ಲಿ ಬರೆದರೆ ಬೇಕಾದ ಕಡತ ತೆರೆಯುವುದಿಲ್ಲ. ವೇರಿಯಬಲ್‌ನ ಹೆಸರನ್ನೇ ಹೊತ್ತ ಖಾಲಿ ಬಫರ್ ಎದುರಾಗುತ್ತದೆ. ಆದೇಶವು ತನ್ನ ಮುಂದಿರುವುದನ್ನೆಲ್ಲ ಕೀಲಿಮಣೆಯಿಂದ ಬಂದ ಪಠ್ಯವೆಂದೇ ಓದುತ್ತದೆ. ಇದರ ಬೇರು ಇತಿಹಾಸದಲ್ಲಿದೆ. ಈ ಆದೇಶಗಳು ಕೆನ್ ಥಾಂಪ್ಸನ್ ಅವರ ಇಡಿ, ಬಿಲ್ ಜಾಯ್ ಅವರ ಎಕ್ಸ್ ಸಂಪಾದಕಗಳ ವಂಶದವು. ಬ್ರಾಮ್ ಮೊಲೆನಾರ್ 1991ರಲ್ಲಿ ಬಿಡುಗಡೆ ಮಾಡಿದ ವಿಮ್‌ಗೆ ಸ್ಕ್ರಿಪ್ಟ್ ಭಾಷೆ ಸೇರಿದ್ದು 1998ರ 5.0 ಆವೃತ್ತಿಯಲ್ಲಿ. ಆದೇಶಗಳು ಮೊದಲೇ ಇದ್ದವು, ಭಾಷೆ ಆಮೇಲೆ ಬಂತು.

ಆದೇಶ ಮತ್ತು ಭಾಷೆಯ ನಡುವಿನ ಈ ಅಂತರ ತುಂಬಲು ಇರುವುದು ಎಕ್ಸಿಕ್ಯೂಟ್ ಎಂಬ ಆದೇಶ. ಅದು ಆದೇಶವನ್ನೂ ವೇರಿಯಬಲ್‌ನ ಮೌಲ್ಯವನ್ನೂ ಒಂದೇ ಸಾಲಾಗಿ ಜೋಡಿಸಿ ನಡೆಸುತ್ತದೆ. ತೊಡಕು ಶುರುವಾಗುವುದು ಇಲ್ಲೇ. ಕಡತದ ಹೆಸರು 'ವರದಿ#1' ಎಂದಿರಲಿ. ಎಡಿಟ್‌ಗೆ #1 ಎಂದರೆ ಒಂದನೇ ಬಫರ್‌ನ ಕಡತ. ಹೆಸರಿನ ಆ ಭಾಗ ಅಳಿದು ಬೇರೊಂದು ಹೆಸರು ಅಲ್ಲಿ ಕೂರುತ್ತದೆ. % ಇದ್ದರೆ ಸದ್ಯದ ಕಡತದ ಹೆಸರು ಬರುತ್ತದೆ. ಲಂಬಗೆರೆ (|) ಇದ್ದರಂತೂ ಅದರಾಚೆಗಿನ ಪಠ್ಯ ಹೊಸ ಆದೇಶವಾಗಿ ಓಡುತ್ತದೆ. ಮೌಲ್ಯವಾಗಿದ್ದದ್ದು ಹೀಗೆ ಕಾರ್ಯಕ್ರಮದ ತುಂಡಾಗುವುದು ಬರಿಯ ಕಿರಿಕಿರಿಯಲ್ಲ, ಸುರಕ್ಷತೆಯ ಪ್ರಶ್ನೆ. ಎಫ್‌ನೇಮ್‌ಎಸ್ಕೇಪ್ ಎಂಬ ಫಂಕ್ಷನ್ ಇಂಥ ಚಿಹ್ನೆಗಳಿಗೆ ಹಿಂಗೆರೆ (\) ಹಚ್ಚಿ ಕಾಪಾಡುತ್ತದೆ, ಆದರೆ ಅದನ್ನು ನೆನಪಿಟ್ಟು ಬಳಸುವ ಹೊಣೆ ಪ್ರತಿ ಬಾರಿಯೂ ಬರೆಯುವವರದು. ಕೊಟ್ಟ ಪಠ್ಯವನ್ನು ಒತ್ತಿದ ಕೀಲಿಗಳಂತೆ ನಡೆಸುವ ನಾರ್ಮಲ್ ಆದೇಶದ ಕಟ್ಟಳೆಯೇ ಬೇರೆ: ಅದು ಲಂಬಗೆರೆಯನ್ನೂ ಒತ್ತಿದ ಕೀಲಿಯೆಂದೇ ನುಂಗುತ್ತದೆ. ಆದೇಶಕ್ಕೊಂದು ವ್ಯಾಕರಣವಿದ್ದಾಗ ಎಲ್ಲಕ್ಕೂ ಒಪ್ಪುವ ಒಂದೇ ಎಚ್ಚರಿಕೆ ಇರಲಾರದು.

1985ರಲ್ಲಿ ಹೊರಬಂದ ಗ್ನು ಈಮ್ಯಾಕ್ಸ್ ಸಂಪಾದಕದಲ್ಲಿ ಆದೇಶವೆಂದರೆ ಲಿಸ್ಪ್ ಫಂಕ್ಷನ್ನೇ. ಕಡತ ತೆರೆಯುವ ಫೈಂಡ್-ಫೈಲ್ ಅನ್ನು ಬಳಕೆದಾರರು ಕರೆದಾಗ ನಕ್ಷತ್ರಚಿಹ್ನೆ ಹಲವು ಕಡತಗಳಾಗಿ ಬಿಡಿಸಿಕೊಳ್ಳುತ್ತದೆ. ಸ್ಕ್ರಿಪ್ಟ್ ಬರಿಯ ಹೆಸರು ಕೊಟ್ಟು ಕರೆದರೆ ಹೆಸರು ಇದ್ದ ಹಾಗೇ ಉಳಿಯುತ್ತದೆ. ಕರೆದವರು ಯಾರೆಂಬುದನ್ನು ಆದೇಶವೇ ಬಲ್ಲದು. ನನ್ನ ದೃಷ್ಟಿಯಲ್ಲಿ ಇದೇ ಸರಿಯಾದ ವಿನ್ಯಾಸ.

2014ರಲ್ಲಿ ವಿಮ್‌ನಿಂದ ಕವಲೊಡೆದ ನಿಯೋವಿಮ್ ಈ ದಿಕ್ಕಿಗೆ ಬಹುದೂರ ಬಂದಿದೆ. 2022ರ 0.8 ಆವೃತ್ತಿಯಿಂದ ಲುವಾ ಭಾಷೆಯಲ್ಲಿ ವಿಮ್.ಸಿಎಂಡಿಯ ಕೆಳಗೆ ಪ್ರತಿ ಆದೇಶವನ್ನೂ ಫಂಕ್ಷನ್ನಿನಂತೆ ಕರೆಯಬಹುದು, ಆರ್ಗ್ಯುಮೆಂಟ್‌ಗಳನ್ನು ಪಟ್ಟಿಯಾಗಿ ಕೊಡಬಹುದು. ಹೆಸರಿನೊಳಗಿನ ಖಾಲಿ ಜಾಗ ಆರ್ಗ್ಯುಮೆಂಟನ್ನು ಒಡೆಯುವುದಿಲ್ಲ. ಆದರೂ ಕಡತ ಬೇಡುವ ಆದೇಶಗಳಲ್ಲಿ % ಮತ್ತು # ಈಗಲೂ ವಿಸ್ತರಿಸಿಕೊಳ್ಳುತ್ತವೆ. ಅದನ್ನು ತಡೆಯಲು ಮ್ಯಾಜಿಕ್ ಎಂಬ ಆಯ್ಕೆಯಲ್ಲಿ ಫೈಲ್‌ಗೆ ಫಾಲ್ಸ್ ಎಂದು ಬರೆಯಬೇಕು. ಹೊರಗಿನಿಂದ ಬಂದ ಹೆಸರನ್ನು ತೆರೆಯುವ ಪ್ಲಗಿನ್‌ಗಳಲ್ಲಿ ಈ ಒಂದು ಸಾಲು ತಪ್ಪದೆ ಇರಬೇಕು.