ಬೆಳಕನ್ನು ಒಲಿಸಿಕೊಂಡ ಮೈಸೂರಿಗ: ವಿ.ಕೆ. ಮೂರ್ತಿ (1923–2014)

ಹಿಂದಿ ಚಿತ್ರ ನಿರ್ದೇಶಕ ಗುರುದತ್ ಅವರ ಚಿತ್ರಗಳ ನೆರಳು-ಬೆಳಕಿನ ಹಿಂದಿದ್ದ ಕಣ್ಣು ಮೈಸೂರಿನದು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತ ಮೂರ್ತಿ ಮುಂಬಯಿ ಸೇರಿದರು. ಗುರುದತ್ ನಿರ್ದೇಶನದ ‘ಬಾಜಿ’ (1951) ಚಿತ್ರದಲ್ಲಿ ಅವರು ಬರೀ ಸಹಾಯಕ. ಕನ್ನಡಿಯ ಪ್ರತಿಬಿಂಬದಿಂದ ಆರಂಭವಾಗುವ ಒಂದು ಶಾಟ್‌ ಅನ್ನು ಅವರು ಸೂಚಿಸಿ, ತಾವೇ ತೆಗೆದರು. ಗುರುದತ್‌ ಮನಸೋತರು. ಮರುವರ್ಷ ‘ಜಾಲ್’ ಚಿತ್ರದಿಂದ ಕ್ಯಾಮೆರಾ ಪೂರ್ತಿ ಇವರದೇ.

‘ಕಾಗಜ್ ಕೆ ಫೂಲ್’ (1959) ಭಾರತದ ಮೊದಲ ಸಿನಿಮಾಸ್ಕೋಪ್ (ಅಗಲ ತೆರೆಯ) ಚಿತ್ರ. ಅದರ ಹಾಡೊಂದರಲ್ಲಿ ಕತ್ತಲ ಸ್ಟುಡಿಯೋದೊಳಗೆ ಬೆಳಕಿನ ಕೋಲು ಓರೆಯಾಗಿ ಇಳಿಯುತ್ತದೆ. ಅದು ದೀಪದ್ದಲ್ಲ, ಬಿಸಿಲು! ಹೊರಗೊಂದು ದೊಡ್ಡ ಕನ್ನಡಿ ಇಟ್ಟು ಸೂರ್ಯನನ್ನು ಹಿಡಿದು, ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿಗೆ ಹಾಯಿಸಿ, ಅಲ್ಲಿಂದ ಕೆಳಕ್ಕೆ ಇಳಿಸಿದರು. ಗಾಳಿಯಲ್ಲಿ ಹೊಗೆ ಆಡಿದಾಗ ಕಿರಣಕ್ಕೆ ಮೈ ಬಂತು. ಕಪ್ಪು-ಬಿಳುಪಿನಲ್ಲಿ ಇಷ್ಟು ಮಾತಾಡುವ ಬೆಳಕು ನಮ್ಮ ದೇಶದ ತೆರೆಯ ಮೇಲೆ ಅಪರೂಪವೇ.

‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಕೂಡ ಅವರದೇ. ಮುಂದೆ ಶ್ಯಾಮ್ ಬೆನಗಲ್ ಅವರ ‘ಭಾರತ್ ಏಕ್ ಖೋಜ್’ ಧಾರಾವಾಹಿಗೂ ಕ್ಯಾಮೆರಾ ಹಿಡಿದರು. ಕನ್ನಡದಲ್ಲಿ ‘ಹೂವು ಹಣ್ಣು’ (1993) ಅವರ ಕೊಡುಗೆ. ತಾಯ್ನುಡಿಗೆ ಇನ್ನೂ ಕೆಲವು ದಕ್ಕಬೇಕಿತ್ತು. 2008ರ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಅವರು, ಆ ಗೌರವಕ್ಕೆ ಪಾತ್ರರಾದ ಮೊದಲ ಛಾಯಾಗ್ರಾಹಕ.