ಸಾಕ್ಷ್ಯನಾಶ
ಅಪರಾಧ ನಡೆದದ್ದು ಗೊತ್ತಿದ್ದೂ ಅಪರಾಧಿಯನ್ನು ಶಿಕ್ಷೆಯಿಂದ ಪಾರುಮಾಡಲು ಪುರಾವೆ ಇಲ್ಲವಾಗಿಸುವುದು ಅಥವಾ ಸುಳ್ಳು ಮಾಹಿತಿ ಕೊಡುವುದು. ಮೊದಲು ಭಾರತೀಯ ದಂಡ ಸಂಹಿತೆಯ 201ನೇ ಕಲಮು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 238. ಮೂಲ ಅಪರಾಧಕ್ಕೆ ಮರಣದಂಡನೆ ಇದ್ದರೆ 7 ವರ್ಷದವರೆಗೆ ಸಜೆ, ಜೀವಾವಧಿ ಇದ್ದರೆ 3 ವರ್ಷದವರೆಗೆ. ಅಪರಾಧಿಗೆ ಆಶ್ರಯ ಕೊಟ್ಟ ಗಂಡ ಅಥವಾ ಹೆಂಡತಿಗೆ ಕಾನೂನು ವಿನಾಯಿತಿ ನೀಡುತ್ತದೆ. ಆದರೆ ಅವರೇ ರಕ್ತದ ಬಟ್ಟೆ ತೊಳೆದು ಪುರಾವೆ ಅಳಿಸಿದರೆ ಆ ರಿಯಾಯಿತಿ ಇಲ್ಲ. ಬರೀ ಗುಮಾನಿ ಸಾಲದು, ಮೂಲ ಅಪರಾಧ ನಡೆದದ್ದೇ ಸಾಬೀತಾಗಬೇಕೆಂದು ಸುಪ್ರೀಂ ಕೋರ್ಟ್ ಪಲ್ವಿಂದರ್ ಕೌರ್ ಪ್ರಕರಣದಲ್ಲಿ (1952) ಹೇಳಿತು.

ಹೈದರಾಬಾದಿನ ಪಂಜಗುಟ್ಟ ಠಾಣೆಯಲ್ಲಿ 2024ರ ಮಾರ್ಚಿನಲ್ಲಿ ದಾಖಲಾದ ಫೋನ್ ಕದ್ದಾಲಿಕೆ ಪ್ರಕರಣದಲ್ಲೂ 201ನೇ ಕಲಮಿದೆ. ರಾಜ್ಯದಲ್ಲಿ ಸರ್ಕಾರ ಬದಲಾದೊಡನೆ ರಾಜ್ಯ ಪೊಲೀಸರ ವಿಶೇಷ ಗುಪ್ತಚರ ದಳದ ಹಾರ್ಡ್ ಡಿಸ್ಕ್‌ಗಳನ್ನು ಕತ್ತರಿಸಿ ಮೂಸಿ ನದಿಗೆ ಎಸೆದರೆಂಬುದು ಪೊಲೀಸರ ಆರೋಪ. ಮುಖ್ಯ ಆರೋಪಿಗಳೂ ಪೊಲೀಸ್ ಅಧಿಕಾರಿಗಳೇ.